ಲೆಕ್ಕಕ್ಕಿಂತ ಜಾಸ್ತಿ ಬಂದ ಬೆಳಕು

ಪಾಲಿಟೆಕ್ನಿಕ್‌ನಲ್ಲಿ ಎಲೆಕ್ಟ್ರಾನಿಕ್ಸ್ ಕಲಿಸುವ ನನಗೆ ಪ್ರಾಜೆಕ್ಟ್ ಸಮಯ ಬಂತೆಂದರೆ ಮಕ್ಕಳ ಜೊತೆ ಒಂದೇ ಜಗಳ. ಅವರು ಮೊದಲು ಸರ್ಕ್ಯೂಟ್ ಕಟ್ಟುತ್ತಾರೆ. ಮೀಟರ್‌ನಲ್ಲಿ ಏನು ಬಂತೋ ಅದಕ್ಕೆ ಹೊಂದುವ ಹಾಗೆ ಆಮೇಲೆ ಲೆಕ್ಕ ಬರೆಯುತ್ತಾರೆ. ಈ ಸಲ ಫೈಬರ್ ಸೆನ್ಸರ್ ತಂಡಕ್ಕೆ ಒಂದು ಷರತ್ತು ಹಾಕಿದ್ದೆ. ಎಷ್ಟು ವೋಲ್ಟ್ ಬರಬೇಕು ಅಂತ ಬೋರ್ಡ್ ಮೇಲೆ ಬರೆಯುವ ತನಕ ಸಪ್ಲೈ ಆನ್ ಮಾಡುವ ಹಾಗಿಲ್ಲ.

ಅವರು ಮಾಡುತ್ತಿದ್ದದ್ದು ಕಾಲೇಜಿನ ಜನರೇಟರ್‌ಗೆ ಬೇಕಾದ ಒಂದು ಸಾಧನ. ಡೀಸೆಲ್ ಟ್ಯಾಂಕ್ ತುಂಬುತ್ತಾ ಬಂದಾಗ ತಿಳಿಸಬೇಕು. ಈಗ ಅಟೆಂಡರ್ ಕೋಲು ಇಳಿಸಿ ನೋಡುತ್ತಾರೆ. ಫೈಬರ್ ಯಾಕೆ ಅಂದರೆ ಟ್ಯಾಂಕ್ ಒಳಗೆ ಕರೆಂಟ್ ಹೋಗುವುದೇ ಇಲ್ಲ, ಬರೀ ಬೆಳಕು ಹೋಗಿ ಬರುತ್ತದೆ. ಎರಡು ಪ್ಲಾಸ್ಟಿಕ್ ಫೈಬರ್, 1 ಮಿ.ಮೀ. ದಪ್ಪದವು. ಅವುಗಳ ತುದಿಗೆ ಅಕ್ರಿಲಿಕ್‌ನ ಒಂದು ಪುಟ್ಟ ಪ್ರಿಸಂ, ಅಗಲ 5 ಮಿ.ಮೀ. ಒಂದು ಫೈಬರ್‌ನಲ್ಲಿ ಬಂದ ಕೆಂಪು ಬೆಳಕು ಪ್ರಿಸಂನ ಎರಡು ಇಳಿಜಾರುಗಳಿಗೆ ತಾಗಿ ತಿರುಗಿ ಇನ್ನೊಂದು ಫೈಬರ್‌ಗೆ ಸೇರಬೇಕು.

ಇದರ ಜೀವಾಳ ಒಂದು ಸಣ್ಣ ಲೆಕ್ಕ. ಅಕ್ರಿಲಿಕ್‌ನ ವಕ್ರೀಭವನ ಸೂಚ್ಯಂಕ 1.49. ಹೊರಗೆ ಗಾಳಿ ಇದ್ದರೆ 1ನ್ನು 1.49ರಿಂದ ಭಾಗಿಸಿ ಸೈನ್ ಇನ್ವರ್ಸ್ ತೆಗೆದರೆ 42.2 ಡಿಗ್ರಿ. ಇದು ಮಿತಿ ಕೋನ, ಇದಕ್ಕಿಂತ ಹೆಚ್ಚಿನ ಕೋನದಲ್ಲಿ ಬಿದ್ದ ಬೆಳಕು ಹೊರಗೆ ಹೋಗದೆ ಒಳಗೇ ತಿರುಗುತ್ತದೆ. ಬೆಳಕು ಬೀಳುವುದು 45ರಲ್ಲಿ, ಹಾಗಾಗಿ ಪೂರ್ತಿ ಪ್ರತಿಫಲನ. ಹೊರಗೆ ಡೀಸೆಲ್ ಬಂದರೆ ಅದರ ಸೂಚ್ಯಂಕ ಸುಮಾರು 1.46, ಮಿತಿ ಕೋನ 78 ಡಿಗ್ರಿ ದಾಟುತ್ತದೆ. 45ರಲ್ಲಿ ಬಿದ್ದ ಬೆಳಕು ಡೀಸೆಲ್‌ಗೆ ಇಳಿದು ಹೋಗುತ್ತದೆ, ವಾಪಸ್ ಬರುವುದಿಲ್ಲ.

ಇಷ್ಟಕ್ಕೇ ಮುಗಿಸಿದ್ದರೆ ಉತ್ತರ ತಪ್ಪಾಗುತ್ತಿತ್ತು. ತಂಡದ ಹುಡುಗಿಯೊಬ್ಬಳು ಬೋರ್ಡ್ ನೋಡುತ್ತಾ, "ಮೇಡಂ, ಬೆಳಕು ಫೈಬರ್‌ನಿಂದ ನೇರವಾಗಿ ಬರಲ್ಲ ಅಲ್ವಾ?" ಅಂದಳು. ಆ ಒಂದು ಪ್ರಶ್ನೆ ಕೇಳಿ ನನಗೆ ನಿಜಕ್ಕೂ ಖುಷಿಯಾಯಿತು. ಈ ಫೈಬರ್‌ನ ನ್ಯೂಮರಿಕಲ್ ಅಪರ್ಚರ್, ಅಂದರೆ ಬೆಳಕು ಎಷ್ಟು ಹರಡುತ್ತದೆ ಎಂದು ಹೇಳುವ ಅಂಕಿ, 0.5. ಅಕ್ರಿಲಿಕ್ ಒಳಗೆ ಅದು ಎರಡೂ ಕಡೆ ಸುಮಾರು 20 ಡಿಗ್ರಿ ಹರಡು. ಬೆರಳು ಅಡ್ಡ ಇಟ್ಟ ಪೈಪಿನ ನೀರಿನ ಹಾಗೆ ಬೆಳಕು ಅಗಲವಾಗಿ ಬರುತ್ತದೆ. ಒಂದು ಕಿರಣ 10 ಡಿಗ್ರಿ ವಾಲಿದ್ದರೆ ಮೊದಲ ಮುಖದ ಮೇಲೆ 55ರಲ್ಲಿ ಬೀಳುತ್ತದೆ, ಎರಡನೆಯದರ ಮೇಲೆ 35ರಲ್ಲಿ. 35 ಅಂದರೆ 42.2ಕ್ಕಿಂತ ಕಡಿಮೆ. ಅಲ್ಲಿ ಅದರ ಬಹುಪಾಲು ಸೋರಿ ಹೋಯಿತು. ಹೀಗೆ ಒಂದು ಮುಖದಿಂದ ಇನ್ನೊಂದರ ಕಡೆಗೆ ವಾಲುವ ಕಿರಣಗಳಲ್ಲಿ ಎರಡೂ ಮುಖಗಳಲ್ಲಿ ಪೂರ್ತಿ ಉಳಿಯುವುದು 3 ಡಿಗ್ರಿಯ ಒಳಗೆ ವಾಲಿದವು ಮಾತ್ರ. ಪ್ರತಿಫಲನ "ಪೂರ್ತಿ" ಅಂತ ಪುಸ್ತಕದಲ್ಲಿ ಓದಿದ ಮಕ್ಕಳಿಗೆ ಇದು ದೊಡ್ಡ ಆಶ್ಚರ್ಯ. ನಾಲ್ಕರಲ್ಲಿ ಒಂದು ಭಾಗ ಉಳಿಯುತ್ತದೆ ಎಂದು ಅಂದಾಜು ಹಾಕಿದೆವು.

ಇನ್ನು ಡೆಸಿಬೆಲ್ (ಡಿಬಿ) ಲೆಕ್ಕ, ಬೆಳಕು ಎಷ್ಟು ಪಟ್ಟು ಕಡಿಮೆಯಾಯಿತು ಅಂತ ಹೇಳುವ ಅಳತೆ. ಅರ್ಧವಾದರೆ 3, ಕಾಲು ಭಾಗವಾದರೆ 6, ಇಪ್ಪತ್ತರಲ್ಲಿ ಒಂದಾದರೆ 13. ಗುಣಾಕಾರ ಬೇಡ, ಸುಮ್ನೆ ಕೂಡಿದರೆ ಸಾಕು. ಡೇಟಾಶೀಟ್ ಪ್ರಕಾರ ನಾವು ಕೊಡುವ ಕರೆಂಟಿಗೆ ಎಲ್‌ಇಡಿ ಫೈಬರ್ ಒಳಗೆ ತುಂಬುವುದು 100 ಮೈಕ್ರೋವ್ಯಾಟ್, ಅಂದರೆ ಮೈನಸ್ 10 ಡಿಬಿಎಂ (1 ಮಿಲಿವ್ಯಾಟ್‌ಗೆ ಹೋಲಿಸಿದ ಡೆಸಿಬೆಲ್). ಹೋಗಿ ಬರಲು 10 ಮೀಟರ್ ಫೈಬರ್, ಮೀಟರ್‌ಗೆ 0.2ರಂತೆ 2 ಡಿಬಿ. ಕತ್ತರಿಸಿದ ತುದಿಗಳಿಗೆಲ್ಲ ಸೇರಿ 3. 5 ಮಿ.ಮೀ. ದಾರಿಯಲ್ಲಿ 1 ಮಿ.ಮೀ. ಬೆಳಕಿನ ಚುಕ್ಕೆ ನಾಲ್ಕೂವರೆ ಮಿ.ಮೀ. ಅಗಲವಾಗುತ್ತದೆ. ಅದರಲ್ಲಿ ಇನ್ನೊಂದು ಫೈಬರ್‌ನ ಬಾಯಿಗೆ ಸಿಗುವುದು ಇಪ್ಪತ್ತರಲ್ಲಿ ಒಂದು ಭಾಗ, 13. ಕೋನದ ಸೋರಿಕೆಗೆ 6. ಒಟ್ಟು 24. ಉಳಿದದ್ದು ಮೈನಸ್ 34 ಡಿಬಿಎಂ, ಅಂದರೆ 0.4 ಮೈಕ್ರೋವ್ಯಾಟ್.

ಇದನ್ನು ಅಳೆಯಲು ಕೇಬಲ್‌ನವರ ಪವರ್ ಮೀಟರ್ ತರೋಣ ಅಂತ ಒಬ್ಬ ಹೇಳಿದ. ಅದು 1310, 1550 ನ್ಯಾನೋಮೀಟರ್ ತರಂಗಾಂತರದ ಬೆಳಕಿಗೆ ಮಾಡಿದ್ದು, ನಮ್ಮ ಕೆಂಪು ಬೆಳಕು 650. ಉಪಯೋಗವಿಲ್ಲ.

ಬೆಳಕನ್ನು ಕರೆಂಟ್ ಮಾಡುವುದು ಸಿಲಿಕಾನ್ ಫೋಟೋಡಯೋಡ್. ಬಿದ್ದ ಒಂದೊಂದು ಫೋಟಾನ್‌ಗೂ ಒಂದು ಎಲೆಕ್ಟ್ರಾನ್ ಹೊರಟರೆ ಸಿಗುವುದು ಮೈಕ್ರಾನ್‌ನಲ್ಲಿ ಹೇಳಿದ ತರಂಗಾಂತರ ಭಾಗಿಸು 1.24. 0.65 ಹಾಕಿದರೆ ವ್ಯಾಟ್‌ಗೆ 0.52 ಆಂಪಿಯರ್. ಅದಕ್ಕಿಂತ ಮೇಲೆ ಸಾಧಾರಣ ಫೋಟೋಡಯೋಡ್ ಯಾವುದೂ ಕೊಡದು. ನಮ್ಮದರ ಡೇಟಾಶೀಟ್‌ನಲ್ಲಿ 0.4 ಇತ್ತು. ಹಾಗಾಗಿ 0.16 ಮೈಕ್ರೋಆಂಪಿಯರ್. ಈ ಕರೆಂಟನ್ನು ವೋಲ್ಟೇಜ್ ಮಾಡುವ ಆಂಪ್ಲಿಫೈಯರ್ ಚಿಪ್ಪು ಆಪ್‌ಆಂಪ್, ಅದರ ಫೀಡ್‌ಬ್ಯಾಕ್‌ಗೆ 1 ಮೆಗಾಓಮ್ ರೆಸಿಸ್ಟರ್ ಹಾಕಿದ್ದರಿಂದ 160 ಮಿಲಿವೋಲ್ಟ್. ಬೋರ್ಡ್ ಮೇಲೆ ಅದಕ್ಕೆ ದೊಡ್ಡ ಚೌಕ ಹಾಕಿ ಸಪ್ಲೈ ಆನ್ ಮಾಡಿದರು.

ಮಲ್ಟಿಮೀಟರ್ 240 ತೋರಿಸಿತು.

ಹುಡುಗರು ಚಪ್ಪಾಳೆ ತಟ್ಟಿದರು. "ಲೆಕ್ಕಕ್ಕಿಂತ ಜಾಸ್ತಿ ಬಂತು ಮೇಡಂ!" ಕಡಿಮೆ ಬಂದಿದ್ದರೆ ಎಲ್ಲರೂ ವೈರ್ ಹುಡುಕುತ್ತಿದ್ದರು. ಜಾಸ್ತಿ ಬಂದರೆ ಯಾರೂ ಕೇಳುವುದಿಲ್ಲ. ನನಗೆ ಈ ಜಾಸ್ತಿಯ ಮೇಲೇ ಅನುಮಾನ. ಎಲ್‌ಇಡಿ ಆಫ್ ಮಾಡಿ ಅಂದೆ. ಮೀಟರ್ ಸೊನ್ನೆಗೆ ಇಳಿಯಲಿಲ್ಲ, 100ರಲ್ಲಿ ನಿಂತಿತು. ವೋಲ್ಟೇಜಿನ ಏರಿಳಿತವನ್ನು ಪರದೆ ಮೇಲೆ ತೋರಿಸುವ ಸಿಆರ್‌ಓಗೆ ಕೊಟ್ಟು ನೋಡಿದರೆ ಸೆಕೆಂಡಿಗೆ 100 ಸಲ ಏರಿಳಿಯುವ ಅಲೆ. ಎಲ್ಲರ ಕಣ್ಣೂ ಮೇಲೆ ಹೋಯಿತು. ಹಳೇ ಚೋಕ್‌ನ ಟ್ಯೂಬ್‌ಲೈಟ್. 50 ಹರ್ಟ್ಸ್ ಕರೆಂಟಿನಲ್ಲಿ ಅದು ಬೆಳಗುವುದು 100 ಸಲ. ಆರಿಸಿ, ಎಲ್‌ಇಡಿ ಮತ್ತೆ ಹಚ್ಚಿದರೆ 140. ಇಷ್ಟೊಂದು ಅಂದಾಜು ಸೇರಿದ ಲೆಕ್ಕಕ್ಕೆ 160ರ ಬದಲು 140 ಅಂದರೆ ಬಹಳ ಹತ್ತಿರ.

"ಟ್ಯಾಂಕ್ ಒಳಗೆ ಕತ್ತಲೇ ಇರುತ್ತಲ್ಲ ಮೇಡಂ, ಬಿಡಿ" ಅಂದ ಒಬ್ಬ. ಸರಿಯಾದ ಮಾತೇ. ಆದರೆ ಡೀಸೆಲ್ ಹಾಕುವಾಗ ಮುಚ್ಚಳ ತೆಗೆಯುತ್ತೇವೆ. ಆಗ ಹೊರಗಿನ ಬೆಳಕು ಒಳಗೆ ಬೀಳುತ್ತದೆ. ಪ್ರಿಸಂ ಡೀಸೆಲ್‌ನಲ್ಲಿ ಮುಳುಗಿದ್ದರೂ ವೋಲ್ಟೇಜ್ ಮೇಲೇ ಇರುತ್ತದೆ. "ಇನ್ನೂ ತುಂಬಿಲ್ಲ" ಅನ್ನುತ್ತದೆ, ಡೀಸೆಲ್ ಉಕ್ಕಿ ಹರಿಯುತ್ತದೆ. ಸೆನ್ಸರ್ ಯಾವ ಗಳಿಗೆಗೆ ಬೇಕೋ ಅದೇ ಗಳಿಗೆಯಲ್ಲಿ ಕೈಕೊಡುತ್ತದೆ.

ಇದಕ್ಕೆ ದುಬಾರಿ ಆಪ್‌ಆಂಪ್ ತರಿಸೋಣ, ನಾಯ್ಸ್ (ಸಿಗ್ನಲ್‌ನಲ್ಲಿ ಬೆರೆಯುವ ಅಡ್ಡಾದಿಡ್ಡಿ ಏರಿಳಿತ) ಕಡಿಮೆಯಾಗುತ್ತೆ ಅಂದರು. ಅದಕ್ಕೂ ಲೆಕ್ಕ ಮಾಡಿಸಿದೆ. ನನಗೆ ತುಂಬಾ ಇಷ್ಟದ ನಿಯಮ ಒಂದಿದೆ. ಫೀಡ್‌ಬ್ಯಾಕ್ ರೆಸಿಸ್ಟರ್ ಮೇಲೆ ಸಿಗ್ನಲ್‌ನ ವೋಲ್ಟೇಜ್ ಸುಮಾರು 50 ಮಿಲಿವೋಲ್ಟ್ ದಾಟಿದರೆ, ರೆಸಿಸ್ಟರ್‌ನ ಬಿಸಿಯಿಂದ ಹುಟ್ಟುವ ನಾಯ್ಸ್‌ಗಿಂತ ಬೆಳಕಿನದೇ ಶಾಟ್ ನಾಯ್ಸ್ ದೊಡ್ಡದು, ಅಂದರೆ ಎಲೆಕ್ಟ್ರಾನ್‌ಗಳು ಒಂದೊಂದಾಗಿ ಹೊರಡುವುದರಿಂದ ಆಗುವ ಏರಿಳಿತ. ನಮ್ಮದು 140. 1 ಕಿಲೋಹರ್ಟ್ಸ್ ಬ್ಯಾಂಡ್‌ವಿಡ್ತ್‌ಗೆ ಶಾಟ್ ನಾಯ್ಸ್ ಬರೀ 7 ಮೈಕ್ರೋವೋಲ್ಟ್. ಸಿಗ್ನಲ್ ಅದರ ಇಪ್ಪತ್ತು ಸಾವಿರ ಪಟ್ಟು. ನಾಯ್ಸ್ ನಮ್ಮ ಸಮಸ್ಯೆಯೇ ಅಲ್ಲ, ದುಡ್ಡು ಉಳಿಯಿತು. ಎಲ್‌ಇಡಿಯನ್ನೇ ಸೆಕೆಂಡಿಗೆ 1000 ಸಲ ಮಿನುಗಿಸಿ, ಹತ್ತಿದಾಗಿನ ರೀಡಿಂಗ್‌ನಿಂದ ಆರಿದಾಗಿನದನ್ನು ಕಳೆದರೆ ಹೊರಗಿನ ಬೆಳಕು ಹೆಚ್ಚುಕಡಿಮೆ ಪೂರ್ತಿ ಹೋಗುತ್ತದೆ. ಮೆಗಾಓಮ್ ಜೊತೆ 10 ಪಿಕೋಫ್ಯಾರಡ್ ಕೆಪಾಸಿಟರ್ ಇದ್ದದ್ದರಿಂದ ಸರ್ಕ್ಯೂಟ್ 16 ಕಿಲೋಹರ್ಟ್ಸ್ ತನಕ ಓಡುತ್ತದೆ, ಅಡ್ಡಿಯಿಲ್ಲ.

ಸಂಜೆ ಗಾಜಿನ ಬೀಕರ್‌ಗೆ ಡೀಸೆಲ್ ಹಾಕಿ ಪ್ರಿಸಂ ಮುಳುಗಿಸಿದಾಗ 140 ಇದ್ದದ್ದು 15ಕ್ಕೆ ಬಿತ್ತು. ಎತ್ತಿದಾಗ ಅದೇ ಹುಡುಗಿಗೆ ಇನ್ನೊಂದು ಚಿಂತೆ. ಮೇಲೆ ಡೀಸೆಲ್ ಪಸೆ ಅಂಟಿರುತ್ತದೆ, ಮುಳುಗಿದೆ ಅಂತಲೇ ತೋರಿಸಿದರೆ? ಉತ್ತರ ಬೆಳಕು ಎಷ್ಟು ಬಾಗುತ್ತದೆ ಅಂತ ಹೇಳುವ ಸ್ನೆಲ್‌ನ ನಿಯಮದಲ್ಲೇ ಇದೆ. 1.49 ಗುಣಿಸು ಸೈನ್ 45 ಅಂದರೆ 1.05. ಪಸೆ ಸಮವಾಗಿದ್ದರೆ ಆ ಬೆಲೆ ಹಾಗೇ ದಾಟಿ ಬರುತ್ತದೆ. ಗಾಳಿಗೆ ಹೋಗಲು ಅದು 1ಕ್ಕಿಂತ ಕಡಿಮೆ ಇರಬೇಕು. ಆದ್ದರಿಂದ ಬೆಳಕು ಪಸೆಯ ಹೊರ ಮೈಯಲ್ಲಿ ಪ್ರತಿಫಲಿಸಿ ತಿರುಗುತ್ತದೆ. ಮೀಟರ್ 120ಕ್ಕೆ ಏರಿ ನಿಂತಿತು. ಉಳಿದದ್ದನ್ನು ತಿಂದದ್ದು ತುದಿಯಲ್ಲಿ ನೇತಾಡುತ್ತಿದ್ದ ಹನಿ. ಅದರ ಮೈ ಗುಂಡಗೆ, ಸಮ ಅಲ್ಲ. ಬೆರಳಲ್ಲಿ ತಟ್ಟಿದರು, ಹನಿ ಬಿತ್ತು, ಮೀಟರ್ ಮತ್ತೆ 140ರ ಹತ್ತಿರ ಬಂತು. ಹನಿ ನಿಲ್ಲದ ಹಾಗೆ ಪ್ರಿಸಂ ಅನ್ನು ಸ್ವಲ್ಪ ಓರೆಯಾಗಿ ಕೂರಿಸೋಣ ಅಂತ ತೀರ್ಮಾನಿಸಿದರು. ಎಷ್ಟು ಓರೆ ಅನ್ನುವುದನ್ನು ನಾಳೆ ಬೋರ್ಡ್ ಮೇಲೆ ಬರೆಯುತ್ತಾರಂತೆ.