ಖಾಸಗಿಗೆ ಕೊಟ್ಟ ಮೇಲೆ ಸರ್ಕಾರಕ್ಕೆ ಉಳಿಯುವ ಕೆಲಸ

ಖಾಸಗೀಕರಣದ ಚರ್ಚೆ ನಡೆದಾಗಲೆಲ್ಲ ನನ್ನನ್ನು ಒಂದು ತಕರಾರು ಕಾಡುತ್ತದೆ. ಪರವಾಗಿರುವವರು ಸರ್ಕಾರದ ಹೊರೆ ಇಳಿಯಿತು ಎನ್ನುತ್ತಾರೆ, ವಿರೋಧಿಸುವವರು ಸರ್ಕಾರ ಕೈ ತೊಳೆದುಕೊಂಡಿತು ಎನ್ನುತ್ತಾರೆ. ಒಪ್ಪಂದಕ್ಕೆ ಸಹಿ ಬಿದ್ದ ಮರುದಿನದಿಂದ ಸರ್ಕಾರಕ್ಕೆ ಅಲ್ಲಿ ಕೆಲಸವಿರುವುದಿಲ್ಲ ಎಂಬುದನ್ನು ಇಬ್ಬರೂ ಸದ್ದಿಲ್ಲದೆ ಒಪ್ಪಿಕೊಂಡಿರುತ್ತಾರೆ. ನನಗೆ ಕಂಡಂತೆ ಕೆಲಸ ಹೋಗುವುದಿಲ್ಲ, ಅದರ ಸ್ವರೂಪ ಬದಲಾಗುತ್ತದೆ. ಹಳಿ ಹಾಕುತ್ತಿದ್ದವರು ಈಗ ಹಳಿ ಹಾಕುವವರಿಗೆ ಕರಾರು ಬರೆಯಬೇಕು, ಅವರ ಕೆಲಸವನ್ನು ಅಳೆಯಬೇಕು, ತಪ್ಪಿದಾಗ ದಂಡ ಹಾಕಬೇಕು. ಈ ಎರಡನೆಯ ಕೆಲಸ ಮೊದಲಿನದಕ್ಕಿಂತ ಸುಲಭವೆಂದು ಭಾವಿಸಲು ನನಗೆ ಯಾವ ಕಾರಣವೂ ಕಾಣುವುದಿಲ್ಲ.

ಮಾರುಕಟ್ಟೆಯ ಮೇಲೆ ನಂಬಿಕೆಯಿಟ್ಟವರು ಮೆಚ್ಚಿ ಹೇಳುವ ಉದಾಹರಣೆಯನ್ನೇ ಮೊದಲು ನೋಡೋಣ. ಆಮ್ಲಮಳೆಯನ್ನು ತಡೆಯಲು ಅಮೆರಿಕ 1990ರಲ್ಲಿ ತನ್ನ ಶುದ್ಧ ಗಾಳಿ ಕಾಯ್ದೆಗೆ ತಿದ್ದುಪಡಿ ತಂದು, ವಿದ್ಯುತ್ ಸ್ಥಾವರಗಳು ಗಂಧಕದ ಡೈಆಕ್ಸೈಡ್ ಹೊರಬಿಡುವ ಪರವಾನಗಿಗಳನ್ನು ಪರಸ್ಪರ ಕೊಂಡು ಮಾರುವ ವ್ಯವಸ್ಥೆಯನ್ನು ರೂಪಿಸಿತು. 1995ರಿಂದ ಅದು ಜಾರಿಗೆ ಬಂತು. ಒಂದು ಪರವಾನಗಿಗೆ ಒಂದು ಟನ್. ಹೊಗೆಯನ್ನು ಅಗ್ಗವಾಗಿ ತಗ್ಗಿಸಬಲ್ಲವನು ತಗ್ಗಿಸಿ ಉಳಿದ ಪರವಾನಗಿಗಳನ್ನು ಮಾರುತ್ತಾನೆ, ತಗ್ಗಿಸಲಾಗದವನು ಕೊಳ್ಳುತ್ತಾನೆ. ಮಾಲಿನ್ಯ ಇಳಿಯಿತು, ಖರ್ಚೂ ಮೊದಲು ಅಂದಾಜಿಸಿದ್ದಕ್ಕಿಂತ ಬಹಳ ಕಡಿಮೆಯಾಯಿತು. (ರೈಲು ಸಾಗಣೆಯ ಮೇಲಿನ ನಿಯಂತ್ರಣ 1980ರಲ್ಲಿ ಸಡಿಲವಾದ್ದರಿಂದ ಗಂಧಕ ಕಡಿಮೆಯಿರುವ ಕಲ್ಲಿದ್ದಲು ದೂರದ ಊರುಗಳಿಗೂ ಅಗ್ಗವಾಗಿ ತಲುಪತೊಡಗಿದ್ದೂ ಇದಕ್ಕೆ ಒಂದು ಕಾರಣ, ಹೊಗಳುವವರು ಸಾಮಾನ್ಯವಾಗಿ ಅದನ್ನು ಬಿಟ್ಟುಬಿಡುತ್ತಾರೆ.)

ಆದರೆ ಆ ಮಾರುಕಟ್ಟೆ ನಿಂತಿದ್ದು ಯಾವುದರ ಮೇಲೆ? ದೇಶದಲ್ಲಿ ಒಟ್ಟು ಎಷ್ಟು ಟನ್ ಹೊರಬರಬಹುದೆಂಬ ಮಿತಿಯನ್ನು ಬೆಲೆ ನಿರ್ಧರಿಸಲಿಲ್ಲ, ಶಾಸನ ನಿರ್ಧರಿಸಿತು. ಪ್ರತಿ ಚಿಮಣಿಯೊಳಗೆ ಎಡೆಬಿಡದೆ ಅಳೆಯುವ ಉಪಕರಣ ಕೂತಿತು, ಗಂಟೆಗಂಟೆಯ ಲೆಕ್ಕ ಪರಿಸರ ಸಂರಕ್ಷಣಾ ಸಂಸ್ಥೆಗೆ ಹೋಗತೊಡಗಿತು. ಪರವಾನಗಿಗಿಂತ ಹೆಚ್ಚು ಬಿಟ್ಟ ಪ್ರತಿ ಟನ್ನಿಗೆ 2,000 ಡಾಲರ್ ದಂಡ ನಿಗದಿಯಾಯಿತು, ಹಣದುಬ್ಬರಕ್ಕೆ ತಕ್ಕಂತೆ ಅದು ಏರುವ ಏರ್ಪಾಡೂ ಇತ್ತು. ಅದರ ಮೇಲೆ ಮುಂದಿನ ವರ್ಷದ ಪಾಲಿನಲ್ಲಿ ಅಷ್ಟೇ ಕಡಿತ. ಪರವಾನಗಿಯ ಬೆಲೆ ಈ ದಂಡಕ್ಕಿಂತ ತೀರ ಕಡಿಮೆಯಿದ್ದುದರಿಂದ ಕಳ್ಳಲೆಕ್ಕ ಬರೆಯುವುದಕ್ಕಿಂತ ಪರವಾನಗಿ ಕೊಳ್ಳುವುದೇ ಲಾಭದಾಯಕವಾಗಿತ್ತು. ಇದು ಸರ್ಕಾರ ಹಿಂದೆ ಸರಿದ ಕಥೆಯಲ್ಲ, ಅದು ಚಿಮಣಿಯೊಳಗೇ ಹೋಗಿ ಕೂತ ಕಥೆ.

ಅಳತೆಗೋಲನ್ನೇ ಕಳೆದುಕೊಂಡರೆ ಏನಾಗುತ್ತದೆ ಎಂಬುದಕ್ಕೆ ಬ್ರಿಟನ್ನಿನ ರೈಲ್ವೆ ಸಾಕ್ಷಿ. ಹಳಿ, ಸಿಗ್ನಲ್, ಸೇತುವೆಗಳೆಲ್ಲ ರೈಲ್‌ಟ್ರ್ಯಾಕ್ ಎಂಬ ಕಂಪನಿಗೆ ಸೇರಿ, 1996ರಲ್ಲಿ ಅದರ ಷೇರುಗಳು ಪೇಟೆಗೆ ಬಂದವು. ದುರಸ್ತಿಯ ಕೆಲಸವನ್ನು ಗುತ್ತಿಗೆದಾರರು ಮಾಡುತ್ತಿದ್ದರು. ಹಳಿಯ ಸದ್ದು ಕೇಳಿಯೇ ಅದರ ಆರೋಗ್ಯ ಹೇಳಬಲ್ಲ ಅನುಭವಿಗಳು ಬೇರೆ ಬೇರೆ ಕಂಪನಿಗಳಿಗೆ ಚದುರಿಹೋದರು. ತನ್ನ ಆಸ್ತಿ ಯಾವ ಸ್ಥಿತಿಯಲ್ಲಿದೆ ಎಂಬ ಸಮಗ್ರ ದಾಖಲೆಯೂ ರೈಲ್‌ಟ್ರ್ಯಾಕ್ ಬಳಿ ಇರಲಿಲ್ಲ. 2000ದ ಅಕ್ಟೋಬರ್ 17ರಂದು ಹ್ಯಾಟ್‌ಫೀಲ್ಡ್ ಬಳಿ ಬಿರುಕುಬಿಟ್ಟ ಹಳಿಯೊಂದು ರೈಲಿನಡಿ ಚೂರುಚೂರಾಗಿ ನಾಲ್ವರು ಸತ್ತರು. ಅಂಥದೇ ಬಿರುಕು ಇನ್ನೆಲ್ಲೆಲ್ಲಿ ಇದೆಯೆಂದು ಕಂಪನಿ ಖಚಿತವಾಗಿ ಹೇಳಲಾರದೆ ಹೋಯಿತು. ಸಾವಿರಕ್ಕೂ ಹೆಚ್ಚು ಕಡೆ ವೇಗಮಿತಿ ಹೇರಿದ್ದರಿಂದ ತಿಂಗಳುಗಟ್ಟಲೆ ರೈಲುಗಳು ತೆವಳಿದವು. ಮರುವರ್ಷ ಕಂಪನಿ ಕುಸಿಯಿತು, 2002ರಲ್ಲಿ ಅದರ ಜಾಗಕ್ಕೆ ನೆಟ್‌ವರ್ಕ್ ರೈಲ್ ಬಂತು. ಹೊಸ ಸಂಸ್ಥೆ 2003ರಲ್ಲಿ ತೆಗೆದುಕೊಂಡ ದೊಡ್ಡ ತೀರ್ಮಾನಗಳಲ್ಲಿ ಒಂದು, ಹಳಿಗಳ ನಿರ್ವಹಣೆಯನ್ನು ಗುತ್ತಿಗೆದಾರರಿಂದ ಹಿಂಪಡೆದು ತನ್ನದೇ ಸಿಬ್ಬಂದಿಗೆ ವಹಿಸುವುದು. ಇಲ್ಲಿ ಖಾಸಗಿ ಮಾಲೀಕತ್ವಕ್ಕಿಂತ ಹೆಚ್ಚು ಹಾನಿ ಮಾಡಿದ್ದು ಜ್ಞಾನ ಚದುರಿದ್ದು ಎಂದೇ ನನ್ನ ಎಣಿಕೆ.

ವಿಕೇಂದ್ರೀಕರಣವನ್ನು ಖಾಸಗೀಕರಣದ ಪಕ್ಕದಲ್ಲಿಟ್ಟು ಮಾತನಾಡುವುದು ವಾಡಿಕೆ. ಎರಡೂ ಕೇಂದ್ರದ ಕೈಯಿಂದ ಅಧಿಕಾರ ಬಿಡಿಸುತ್ತವೆ, ನಿಜ. ಆದರೆ ಕೆಲಸವನ್ನು ಮಾತ್ರ ಕೆಳಕ್ಕೆ ದಾಟಿಸಿ ಹಣವನ್ನೂ ಸಿಬ್ಬಂದಿಯನ್ನೂ ಮೇಲೆಯೇ ಉಳಿಸಿಕೊಂಡರೆ ಅದು ಹೊಣೆ ಜಾರಿಸುವ ಉಪಾಯವಷ್ಟೇ. ಬ್ರೆಜಿಲ್‌ನ ಪೋರ್ಟೊ ಅಲೆಗ್ರೆ ನಗರದಲ್ಲಿ 1989ರಿಂದ ಬಡಾವಣೆಯ ಜನ ಸಭೆ ಸೇರಿ ಚರಂಡಿ ಮೊದಲೋ ರಸ್ತೆ ಮೊದಲೋ ಎಂದು ತೀರ್ಮಾನಿಸಿದ್ದು ಪ್ರಪಂಚದಾದ್ಯಂತ ಹೆಸರಾಯಿತು. ಅದಕ್ಕೆ ಹಿಂದಿನ ವರ್ಷವಷ್ಟೇ ಬಂದ ಹೊಸ ಸಂವಿಧಾನ ನಗರಸಭೆಗಳ ಆದಾಯದ ಪಾಲನ್ನು ಹೆಚ್ಚಿಸಿತ್ತು ಎಂಬುದು ಅಷ್ಟಾಗಿ ಹೆಸರಾಗಲಿಲ್ಲ. ಹಂಚಲು ಕಾಸೇ ಇಲ್ಲದ ಸಭೆಗೆ ಎರಡನೆಯ ಸಲ ಯಾರೂ ಬರುವುದಿಲ್ಲ.

ಇನ್ನು ಜನರಿಗೆ ಹತ್ತಿರವಿರುವ ಸರ್ಕಾರ ಜಾಣತನದಿಂದಲೇ ವ್ಯವಹರಿಸುತ್ತದೆ ಎನ್ನುವಂತೆಯೂ ಇಲ್ಲ. ಷಿಕಾಗೊ ನಗರಸಭೆ 2008ರ ಡಿಸೆಂಬರಿನಲ್ಲಿ ಬೀದಿಬದಿಯ ಸುಮಾರು 36,000 ಪಾರ್ಕಿಂಗ್ ಮೀಟರುಗಳನ್ನು 115 ಕೋಟಿ ಡಾಲರಿಗೆ ಖಾಸಗಿ ಹೂಡಿಕೆದಾರರ ಕಂಪನಿಯೊಂದಕ್ಕೆ 75 ವರ್ಷಗಳ ಗುತ್ತಿಗೆಗೆ ಕೊಟ್ಟಿತು. ಪ್ರಸ್ತಾವ ಬಹಿರಂಗವಾದ ಕೆಲವೇ ದಿನಗಳಲ್ಲಿ ಮತ ಹಾಕಿ ಮುಗಿಸಲಾಯಿತು. ಮರುವರ್ಷ ನಗರದ ಇನ್‌ಸ್ಪೆಕ್ಟರ್ ಜನರಲ್, ಅಂದರೆ ನಗರಾಡಳಿತದ ಅಕ್ರಮ, ಪೋಲುಗಳನ್ನು ತನಿಖೆ ಮಾಡುವ ಅಧಿಕಾರಿ, ಲೆಕ್ಕ ಹಾಕಿ, ಆ ಮೀಟರುಗಳು ನಗರಕ್ಕೆ ಬಂದ ಹಣಕ್ಕಿಂತ ಕನಿಷ್ಠ 97.4 ಕೋಟಿ ಡಾಲರ್ ಹೆಚ್ಚಿನ ಬೆಲೆಯವಾಗಿದ್ದವು ಎಂದರು. ಬಂದ ಹಣದ ಬಹುಪಾಲು ಬಜೆಟ್ಟಿನ ಕೊರತೆ ತುಂಬಲು ಕೆಲವೇ ವರ್ಷಗಳಲ್ಲಿ ಕರಗಿತು. ಹಣ ಕರಗಿದರೂ ಒಪ್ಪಂದದ ಷರತ್ತುಗಳು ಕರಗಲಿಲ್ಲ. ಹಬ್ಬಕ್ಕೋ ದುರಸ್ತಿಗೋ ನಗರ ತನ್ನದೇ ಬೀದಿಯನ್ನು ಗೊತ್ತುಪಡಿಸಿದ ಮಿತಿ ಮೀರಿ ಮುಚ್ಚಿದರೆ, ಅಲ್ಲಿ ನಿಲ್ಲದ ಕಾರುಗಳ ಬಾಡಿಗೆಯನ್ನು ಕಂಪನಿಗೆ ತುಂಬಿಕೊಡಬೇಕು. ಬೀದಿಯನ್ನು ಹೇಗೆ ಬಳಸಬೇಕೆಂಬ ಅಧಿಕಾರದ ಒಂದು ತುಂಡೂ ಹೀಗೆ ಮೀಟರುಗಳ ಜೊತೆ ಗುತ್ತಿಗೆಗೆ ಹೋಯಿತು. ಹೂಡಿಕೆದಾರರಿಗೆ ಹಾಕಿದ 115 ಕೋಟಿ ಈಗಾಗಲೇ ಲಾಭಸಮೇತ ಮರಳಿದೆ. ಗುತ್ತಿಗೆ ಮುಗಿಯಲು ಇನ್ನೂ ಐದು ದಶಕಗಳಿಗೂ ಹೆಚ್ಚು ಕಾಲವಿದೆ.