ಟೊಬ್ರುಕ್‌ನಲ್ಲಿ ಮಲಗಿದ ಜೆಕ್ ಹುಡುಗರು

ಲಿಬಿಯಾದ ದರ್ನಾ ದಾಟಿ ಟೊಬ್ರುಕ್ ಕಡೆ ಹೊರಟ ಮೇಲೆ ಹಸಿರು ಮುಗಿಯಿತು. ಬೆಂಗಾಜಿಯಲ್ಲಿ ಕೆಲಸಕ್ಕಿದ್ದ ನಾನು, ದಾವಣಗೆರೆಯ ಗೆಳೆಯ, ಒಂದು ಬಾಡಿಗೆ ಕಾರು. ಮರುಭೂಮಿ ಅಂದರೆ ಮರಳು ಅಂತ ಅಂದುಕೊಂಡಿದ್ದೆ. ಇಲ್ಲಿ ಬರೀ ಕಲ್ಲು. ಎರಡನೇ ಮಹಾಯುದ್ಧದಲ್ಲಿ ಸೈನಿಕರು ಇಂಥ ನೆಲದಲ್ಲಿ ಕಂದಕ ಹೇಗೆ ತೋಡಿದರೋ!

ಯುದ್ಧ ಸ್ಮಶಾನ ಟೊಬ್ರುಕ್ ಊರಾಚೆ, ಈಜಿಪ್ಟ್ ಕಡೆಗೆ ಹೋಗುವ ರಸ್ತೆಯ ಪಕ್ಕದಲ್ಲಿದೆ. ಸಾಲು ಸಾಲು ಬಿಳಿ ಕಲ್ಲುಗಳ ನಡುವೆ ಕೆಲವದರ ಆಕಾರ ಸ್ವಲ್ಪ ಬೇರೆ. ಹೆಸರಿನ ಅಕ್ಷರಗಳ ಮೇಲೆ ಪುಟ್ಟ ಪುಟ್ಟ ಗೀಟುಗಳು. 'ಇದೇನೋ ಇಂಗ್ಲಿಷ್ ಅಲ್ವಲ್ಲ' ಅಂದ ಗೆಳೆಯ. ಜೆಕ್ ಅಂದೆ.

ಕಡಲೇ ಇಲ್ಲದ ಜೆಕೊಸ್ಲೊವಾಕಿಯಾ ದೇಶದವರು ಹಡಗಿನಲ್ಲಿ ಬಂದು ಇಳಿದಿದ್ದು 1941ರ ಅಕ್ಟೋಬರ್ 21ಕ್ಕೆ. ನೆಲದ ದಾರಿಯನ್ನೆಲ್ಲ ಜರ್ಮನ್ನರು, ಇಟಲಿಯವರು ಮುತ್ತಿಕೊಂಡಿದ್ದರಿಂದ ಬ್ರಿಟಿಷರ ಕೈಲಿದ್ದ ಟೊಬ್ರುಕ್‌ಗೆ ಸಮುದ್ರವೊಂದೇ ದಾರಿ, ಅದೂ ರಾತ್ರಿ ಹೊತ್ತು. ಅಷ್ಟರಲ್ಲಾಗಲೇ ಅವರ ದೇಶ ಭೂಪಟದಲ್ಲೇ ಇರಲಿಲ್ಲ. 1939ರಲ್ಲಿ ಹಿಟ್ಲರ್ ನುಂಗಿದ್ದ. ಹಂಗೇರಿ, ಯುಗೊಸ್ಲಾವಿಯ, ಟರ್ಕಿ ಅಂತ ಕದ್ದು ಸುತ್ತಿ ಪ್ಯಾಲೆಸ್ಟೈನ್ ಸೇರಿದವರು, ಅಲ್ಲೇ ಇದ್ದ ಯಹೂದಿ ನಿರಾಶ್ರಿತರು, ಎಲ್ಲ ಸೇರಿ 11ನೇ ಪದಾತಿ ಬೆಟಾಲಿಯನ್ ಆಯಿತು. 600ಕ್ಕೂ ಹೆಚ್ಚು ಜನ. ಕಮಾಂಡರ್ ಕಾರೆಲ್ ಕ್ಲಪಾಲೆಕ್. ಪಶ್ಚಿಮದ ಅಂಚಿನಲ್ಲಿ ಪೋಲಿಷ್ ಬ್ರಿಗೇಡ್ ಜೊತೆ ನಿಂತರು. ಹಗಲೆಲ್ಲ ಗುಂಡಿಯಲ್ಲಿ ಅಲ್ಲಾಡದೆ ಮಲಗಬೇಕು, ತಲೆ ಎತ್ತಿದರೆ ಗುಂಡು, ಮುಖದ ಮೇಲೆ ನೊಣ. ಕತ್ತಲಾದ ಮೇಲೆ ಗಸ್ತು. ನೀರು ಉಪ್ಪು, ಹಾಗಾಗಿ ಟೀ ಕೂಡ ಉಪ್ಪು.

ನಮ್ಮ ಭಾರತೀಯ ಸೇನೆಯ 18ನೇ ಕ್ಯಾವಲ್ರಿ ದಳದವರೂ ಇದೇ ಮುತ್ತಿಗೆಯಲ್ಲಿ ಸಿಕ್ಕಿಕೊಂಡಿದ್ದರು. ಇದನ್ನು ಶಾಲೆಯಲ್ಲಿ ಯಾರೂ ಹೇಳಿಕೊಟ್ಟಿರಲಿಲ್ಲ, ಸುಮ್ನೆ ಓದಿಕೊಂಡಿದ್ದು.

ಡಿಸೆಂಬರ್‌ನಲ್ಲಿ ಮುತ್ತಿಗೆ ಮುರಿಯಿತು. ಅಷ್ಟರಲ್ಲಿ ಜೆಕೊಸ್ಲೊವಾಕಿಯಾದವರು 14 ಜನ ಸತ್ತಿದ್ದರು. ಲಕ್ಷಗಟ್ಟಲೆ ಸತ್ತ ಯುದ್ಧದಲ್ಲಿ 14 ಯಾವ ಲೆಕ್ಕ ಅನ್ನಿಸಬಹುದು. ಆದರೆ ಒಂದೊಂದೇ ಕಲ್ಲಿನ ಮುಂದೆ ನಿಂತು ಆ ಗೀಟುಗಳ ಸಮೇತ ಹೆಸರು ಓದಲು ಹೋದಾಗ ಬೇಗ ಮುಗಿಯಲಿಲ್ಲ.

ನನಗೆ ಜಾಸ್ತಿ ಸಿಟ್ಟು ಬಂದಿದ್ದು ಬದುಕಿ ಊರು ಸೇರಿದವರ ಕಥೆಗೆ. 1948ರಲ್ಲಿ ಅಲ್ಲಿ ಕಮ್ಯುನಿಸ್ಟರು ಅಧಿಕಾರಕ್ಕೆ ಬಂದರು. ಬ್ರಿಟಿಷರ ಪರವಾಗಿ ಹೋರಾಡಿದವರೆಲ್ಲ ಅನುಮಾನದವರಾದರು. ಕ್ಲಪಾಲೆಕ್ ಆಮೇಲೆ ರಷ್ಯಾ ಕಡೆಯಿಂದಲೂ ಹೋರಾಡಿ ಜನರಲ್ ಆಗಿದ್ದವರು. ಅವರನ್ನೂ 1952ರಲ್ಲಿ ಜೈಲಿಗೆ ಹಾಕಿದರು.

ವಾಪಸ್ ಬರುವಾಗ ರಸ್ತೆ ಬದಿಯಲ್ಲಿ ಪುಟ್ಟ ಗಾಜಿನ ಲೋಟದಲ್ಲಿ ಕರಿ ಟೀ ಕೊಟ್ಟರು, ಪಾಯಸದಷ್ಟು ಸಿಹಿ. ಗೆಳೆಯ ಮುಖ ಕಿವುಚಿದ. ನಾನು ಇನ್ನೊಂದು ಲೋಟ ಕೇಳಿದೆ.