ಕೆಂಪು ಮುದ್ರೆಯ ಫೈಲು

2023ರ ಜೂನ್. ಬಯಲುಸೀಮೆಯ ಒಂದು ಸರ್ಕಾರಿ ಕಚೇರಿಯಲ್ಲಿ ಎಸ್‌ಡಿಎ, ಅಂದರೆ ದ್ವಿತೀಯ ದರ್ಜೆ ಸಹಾಯಕಿ ಆಗಿದ್ದೆ. ಒಂದು ಮಧ್ಯಾಹ್ನ ನನ್ನ ಟೇಬಲ್ಲಿಗೆ ಬಂದ ಫೈಲಿನ ಮೇಲೆ ಕೆಂಪು ಮಸಿಯಲ್ಲಿ 'ಗೌಪ್ಯ' ಅಂತ ಮುದ್ರೆ ಒತ್ತಿದ್ದರು. ಒಳಗಿದ್ದದ್ದು ಕೊಳವೆಬಾವಿ ನೀರಿನ ಪರೀಕ್ಷೆಯ ವರದಿ. ಕುಡಿಯುವ ನೀರಲ್ಲಿ ಫ್ಲೋರೈಡ್ ಲೀಟರಿಗೆ 1.5 ಮಿಲಿಗ್ರಾಂ ದಾಟಬಾರದು. ಮೂರು ಊರುಗಳಲ್ಲಿ ಅದರ ಎರಡು ಪಟ್ಟು ಇತ್ತು. ಒಂದು, ನಮಗೆ ದಿನಾ ಟೀ ತಂದುಕೊಡುವ ಗ್ರೂಪ್ ಡಿ ಅಣ್ಣನ ಊರು. ಅವರ ಮಗಳ ಹಲ್ಲಿನ ಮೇಲಿನ ಕಂದು ಕಲೆ ನಾನು ನೋಡಿದ್ದೆ.

ಜೆರಾಕ್ಸ್ ಮೆಷಿನ್ ನಾಲ್ಕೇ ಹೆಜ್ಜೆ ದೂರದಲ್ಲಿತ್ತು.

ಅದೇ ವಾರ ಅಮೆರಿಕದ ಸೇನಾ ವಿಶ್ಲೇಷಕರಾಗಿದ್ದ ಡೇನಿಯಲ್ ಎಲ್ಸ್‌ಬರ್ಗ್ ತೀರಿಕೊಂಡ ಸುದ್ದಿ ಓದಿದ್ದೆ. ವಿಯೆಟ್ನಾಂ ಯುದ್ಧದ ಬಗ್ಗೆ ಅಮೆರಿಕ ಸರ್ಕಾರ ಜನರಿಗೆ ಹೇಳಿದ್ದು ಒಂದು, ಕಡತದಲ್ಲಿ ಬರೆದಿಟ್ಟದ್ದು ಇನ್ನೊಂದು. ಆ ಸುಮಾರು 7000 ಪುಟಗಳನ್ನು ಅವರು 1969ರಿಂದ ಕದ್ದುಮುಚ್ಚಿ ಜೆರಾಕ್ಸ್ ಮಾಡಿದರು. 13 ವರ್ಷದ ಮಗನೂ ಜೊತೆಗೆ ಕೂತಿದ್ದ. 1971ರಲ್ಲಿ ಪತ್ರಿಕೆಯಲ್ಲಿ ಬಂತು. 115 ವರ್ಷ ಜೈಲಾಗಬಹುದಾದ ಕೇಸು ಬಿತ್ತು, 1973ರಲ್ಲಿ ವಜಾ ಆಯಿತು. ನನ್ನ ಮನಸ್ಸಲ್ಲಿ ಉಳಿದದ್ದು ಬೇರೆ. ಶಾಂತಿ ಮಾತುಕತೆಯ ನಾಲ್ಕು ಸಂಪುಟಗಳನ್ನು ಅವರು ಪತ್ರಿಕೆಗಳಿಗೆ ಕೊಡಲೇ ಇಲ್ಲ. ಮಾತುಕತೆ ಕೆಡಬಾರದು ಅಂತ.

ನನ್ನ ಫೈಲಿನ ಕೊನೆಗೂ ಅಂಥ ಹಾಳೆಗಳಿದ್ದವು. ಮಕ್ಕಳ ಹೆಸರು, ಮನೆ, ಯಾರಿಗೆ ಯಾವ ತೊಂದರೆ ಅಂತ. ಅದು ಗುಟ್ಟಾಗಿಯೇ ಇರಬೇಕು. ನಾಳೆ ಆ ಹೆಣ್ಣುಮಕ್ಕಳಿಗೆ ಗಂಡು ನೋಡುವಾಗ ಯಾರೋ ಆಡಿಕೊಳ್ಳಬಾರದು, ಅಲ್ವಾ? ಆದರೆ ನೀರಿನ ಅಂಕಿ ಆ ನೀರು ಕುಡಿಯುವವರದ್ದು. ಅದರ ಮೇಲೆ ಮುದ್ರೆ ಒತ್ತಿದ್ದೇ ತಪ್ಪು.

ಆದರೂ ನಾನು ಜೆರಾಕ್ಸ್ ಮಾಡಲಿಲ್ಲ. ಕೆಲಸ ಹೋಗುತ್ತೆ ಅನ್ನೋ ಭಯ ಜಾಸ್ತಿ ಇತ್ತು. ಸಂಜೆ ಅಣ್ಣನನ್ನು ಕರೆದೆ. "ನಿಮ್ಮೂರಿನ ನೀರಿನ ಬಗ್ಗೆ ಆರ್‌ಟಿಐ ಹಾಕಿಸಿ. ಜೀವದ ವಿಷಯ ಅಂತ ಬರೆಸಿ, 48 ಗಂಟೆಯಲ್ಲಿ ಉತ್ತರ ಕೊಡಬೇಕು" ಅಂದೆ. 2005ರ ಈ ಮಾಹಿತಿ ಹಕ್ಕು ಕಾಯ್ದೆ ಎಷ್ಟು ದೊಡ್ಡದು ಅಂದರೆ, ಜನರ ಹಿತ ದೊಡ್ಡದಾದಾಗ ಸರ್ಕಾರದ ಗುಟ್ಟು ಕಾಯುವ 1923ರ ಅಧಿಕೃತ ರಹಸ್ಯಗಳ ಕಾಯ್ದೆಯೂ ಅದಕ್ಕೆ ಅಡ್ಡ ಬರುವಂತಿಲ್ಲ. ಅದನ್ನೂ ಬಿಡಿಸಿ ಹೇಳಿದೆ.

ಅವರು ಪೂರ್ತಿ ಕೇಳಿಸಿಕೊಂಡರು. ಆಮೇಲೆ ಮೆಲ್ಲಗೆ, "ಉತ್ತರ ಬರೋ ತನಕ ಆ ನೀರು ಕುಡೀಬಹುದಾ ಮೇಡಂ?" ಅಂದರು.

ಫೈಲು ನನ್ನ ಕೈಯಲ್ಲೇ ಇತ್ತು.

"ಬೇಡ ಅಣ್ಣ. ಮಗೂಗಂತೂ ಕೊಡಬೇಡಿ" ಅಂದೆ.

ಮರುದಿನ ಅವರು ಖಾಲಿ ಕ್ಯಾನು ಹಿಡಿದುಕೊಂಡೇ ಆಫೀಸಿಗೆ ಬಂದರು. ಹಿಂದೆ ಅದೇ ಊರಿನ ಇನ್ನೂ ಐದು ಜನ. ಅವರ ಕೈಯಲ್ಲೂ ಕ್ಯಾನುಗಳಿದ್ದವು.